ಕಸಕ್ಕೆ ಹೊರಟಿದ್ದ ನಗು

ನನ್ನ ಗಂಡನಿಗೆ ಒಂದು ಕಾಯಿಲೆ ಇದೆ. ಫುಟ್‌ಪಾತ್ ಮೇಲೆ ಯಾರೋ ಬಿಟ್ಟ ಸಾಮಾನು ಕಂಡರೆ ಕೈ ತುರಿಸುತ್ತದೆ.

ಜರ್ಮನಿಯ ಈ ಮ್ಯಾನ್‌ಹೈಮಿನಲ್ಲಿ ಇದಕ್ಕೆ ಮದ್ದಿಲ್ಲ, ಪ್ರೋತ್ಸಾಹವಿದೆ. ಸ್ಪೆರ್‌ಮ್ಯುಲ್ ಅಂದರೆ ಬೇಡದ ಸಾಮಾನು ಒಯ್ಯಲು ಲಾರಿ ಬರುವ ದಿನ. ಹಿಂದಿನ ಸಂಜೆಯೇ ಜನ ಎಲ್ಲ ಹೊರಗಿಡುತ್ತಾರೆ, ಬೇಕಾದವರು ಎತ್ತಿಕೊಳ್ಳುತ್ತಾರೆ. ಹಾಗೆ ಬಂದ ವಿಸಿಆರ್ ಒಂದು ನಮ್ಮ ಕೆಲ್ಲರ್‌ನಲ್ಲಿ (ನೆಲಮಾಳಿಗೆ ಸ್ವಾಮೀ, ಅದೂ ಭರ್ತಿ) ಧೂಳು ತಿನ್ನುತ್ತಿತ್ತು.

ಮೊನ್ನೆ ಒಂದು ಮರದ ಪೆಟ್ಟಿಗೆ ತಂದರು. "ಗಟ್ಟಿಯಾಗಿದೆ ಕಣೇ, ಈರುಳ್ಳಿ ಇಡೋಕಾಗತ್ತೆ." ತೆರೆದರೆ ವಿಡಿಯೋ ಕ್ಯಾಸೆಟ್‌ಗಳು. ಎಲ್ಲದರ ಮೇಲೂ ಕೆಳಗಿನ ಮನೆಯ ಫ್ರೌ ಬೆಕರ್ ಹೆಸರು, ಜೊತೆಗೆ ‘ಕಾಮಿಡಿ ಶೋ’ ಅಂತ!

ಫ್ರೌ, ಅಂದರೆ ಶ್ರೀಮತಿ, ಬೆಕರ್ ಎಪ್ಪತ್ತು ದಾಟಿದವರು. ಅಪ್ಪ ಅಮೆರಿಕದ ಕಪ್ಪು ಸೈನಿಕ, ಅಮ್ಮ ಇಲ್ಲಿಯವರು. ನಮ್ಮ ಒಗ್ಗರಣೆ ವಾಸನೆಗೆ ಕಿಟಕಿ ತೆರೆಯುವವರು ಈ ಬಿಲ್ಡಿಂಗಿನಲ್ಲಿ ಅವರೊಬ್ಬರೇ. (ಮಿಕ್ಕವರು ಮುಚ್ಚುತ್ತಾರೆ.) ಒಂದು ಕಾಲಕ್ಕೆ ಕ್ಲಬ್ಬುಗಳಲ್ಲಿ ಕಾಮಿಡಿ ಮಾಡುತ್ತಿದ್ದರು ಅಂತ ಯಾರಿಗೆ ಗೊತ್ತಿತ್ತು?

ವಾಪಸ್ ಕೊಡಲು ಹೋದೆವು. "ಬಿಸಾಕಿ. ಯಾರ ಹತ್ರ ಮಷೀನ್ ಇದೆ ಈಗ? ಆಗ ಆ ಸ್ಟೇಜ್‌ಗಳ ಮೇಲೆ ಕಪ್ಪು ಹೆಂಗಸು ಅಂದ್ರೆ ನಾನೊಬ್ಳೇ. ಯಾವ ಪೇಪರ್ರೂ ಒಂದು ಸಾಲು ಬರೀಲಿಲ್ಲ" ಎಂದರು. ನಗುತ್ತಲೇ ಹೇಳಿದರು. ನನ್ನ ಗಂಡನಿಗೆ ಈರುಳ್ಳಿ ಚಿಂತೆ ಬಾರದಿದ್ದರೆ ಅಷ್ಟೂ ನಗು ಲಾರಿ ಹತ್ತಿರುತ್ತಿತ್ತಲ್ಲ?

"ನಮ್ಮನೇಲಿದೆ ಮಷೀನ್!" ಎಂದರು ನನ್ನ ಗಂಡ. ಮದುವೆಯಾದಾಗಿನಿಂದ ಅವರು ಅಷ್ಟು ಬೀಗಿದ್ದನ್ನು ನಾನು ನೋಡಿರಲಿಲ್ಲ.

ಭಾನುವಾರ ನಾವಿಬ್ಬರು, ಮಗಳು, ಫ್ರೌ ಬೆಕರ್ ಎಲ್ಲರೂ ನಮ್ಮ ಹಾಲ್‌ನಲ್ಲಿ. ಟೀವಿಯಲ್ಲಿ ತರುಣಿ ಫ್ರೌ ಬೆಕರ್: "ನಮ್ಮ ಮೆಟ್ಟಿಲು ಗುಡಿಸ್ತಿದ್ದೆ. ಹೊಸದಾಗಿ ಬಂದ ಪಕ್ಕದ ಮನೆಯಾಕೆ ಕೇಳಿದ್ಳು, ಮನೆ ಯಜಮಾನಿ ಇದ್ದಾರಾ? ನಾನಂದೆ..."

ಕಿರ್ರ್! ಮಷೀನು ಟೇಪ್ ನುಂಗಿತು. ನನ್ನ ಗಂಡ ಇಂಗು ತಿಂದ ಮಂಗನಂತಾದರು.

ಫ್ರೌ ಬೆಕರ್ ಎದ್ದು ನಿಂತರು. ಕಾಲಲ್ಲಿ ಮನೆ ಚಪ್ಪಲಿ, ಕೈಯಲ್ಲಿ ಚಕ್ಕುಲಿ (ಅದೇ ಮೈಕು). "ನಾನಂದೆ, ಇಲ್ಲ ಮೇಡಂ, ಅವರು ಮೆಟ್ಟಿಲು ಗುಡಿಸೋಕೆ ಹೋಗಿದ್ದಾರೆ!"

ದೊಡ್ಡವರ ಜೋಕಿಗೆ ಎಂದೂ ನಗದ ನನ್ನ ಮಗಳು ಬಿದ್ದು ಬಿದ್ದು ನಕ್ಕಳು. "ನೋಖ್‌ಮಾಲ್!" ಅಂದಳು, ಇನ್ನೊಮ್ಮೆ ಅಂತ. ಮೊಬೈಲ್ ಹಿಡಿದು ರೆಕಾರ್ಡ್ ಮಾಡತೊಡಗಿದಳು. ಚರಿತ್ರೆ ಉಳಿಸೋದು ಅಂದರೆ ಮ್ಯೂಸಿಯಂ, ಗಾಜಿನ ಕಪಾಟು, ಭಾಷಣ ಅಂದುಕೊಂಡಿದ್ದೆ. ನಮ್ಮ ಮನೆಯಲ್ಲಿ ಅದು ಚಕ್ಕುಲಿ ಡಬ್ಬಿ ಖಾಲಿಯಾಗುವವರೆಗೆ ನಡೆಯಿತು.

ಸೋಮವಾರ ಕೆಳಗಿನ ಬಾಗಿಲಲ್ಲಿ ಒಂದು ಚೀಟಿ, ಮೂರನೇ ಮಹಡಿಯವರದು. "ಭಾನುವಾರ ವಿಶ್ರಾಂತಿಯ ದಿನ. ನಿನ್ನೆ ಫ್ರೌ ಬೆಕರ್ ಜೋಕುಗಳಿಗೆ ಎದ್ದ ನಗು ಸಹಿಸಲಸಾಧ್ಯವಾಗಿತ್ತು."

ಸಿಟ್ಟಿನಿಂದ ಹರಿಯಲು ಹೋದೆ. ಅಷ್ಟರಲ್ಲಿ ತಮ್ಮ ಮನೆಯಿಂದ ಹೊರಬಂದ ಫ್ರೌ ಬೆಕರ್ ಗಬಕ್ಕನೆ ನನ್ನ ಕೈ ಹಿಡಿದರು.

"ಅಯ್ಯೋ, ಜೋಪಾನ! ಪೆಟ್ಟಿಗೇಲಿಡಿ. ಅದು ನನ್ನ ಮೊದಲ ವಿಮರ್ಶೆ!"