ಬಾಟಲಿಗೆ ಅಂಟಿಸಲಿದ್ದ ಪೈಲವಾನರು

ನಮ್ಮ ಯಜಮಾನರು ಹುಬ್ಬಳ್ಳಿಯಲ್ಲಿ ಹೆಸರು ಮಾಡಿದ ಪೈಲವಾನರು. ಮೂವತ್ತು ದಾಟುತ್ತಲೇ ಮೊಣಕಾಲು ನೋಯತೊಡಗಿತು; ಕುಸ್ತಿ ಇನ್ನು ಬಹಳ ದಿನ ನಡೆಯದು ಎಂದು ಇಬ್ಬರಿಗೂ ಗೊತ್ತಿತ್ತು. ಅಷ್ಟರಲ್ಲಿ ದುರ್ಗದಬೈಲಿನ ಔಷಧದ ವ್ಯಾಪಾರಿಯೊಬ್ಬರು ಅವರನ್ನು ಸ್ಟುಡಿಯೋಕ್ಕೆ ಕರೆದೊಯ್ದು, ಮೈಗೆ ಎಣ್ಣೆ ಸವರಿಸಿ, ಲಂಗೋಟಿಯಲ್ಲಿ ನಿಲ್ಲಿಸಿ ಫೋಟೋ ತೆಗೆಸಿದರು. ತಮ್ಮ ಶಕ್ತಿಯ ಟಾನಿಕ್ಕಿನ ಬಾಟಲಿಗೆ ಆ ಚಿತ್ರ ಅಂಟಿಸುತ್ತಾರಂತೆ.

ಹೆಂಗಸರು ಗರಡಿಯ ಕಡೆ ಸುಳಿಯುತ್ತಿರಲಿಲ್ಲ; ಅವರನ್ನು ಆ ವೇಷದಲ್ಲಿ ನಾನು ಕಂಡದ್ದೇ ಇಲ್ಲ. ಫೋಟೋ ಕೈಗೆ ಬಂದಾಗ ಪರಗಂಡಸನ್ನು ನೋಡಿದಂತಾಗಿ ಪಟ್ಟನೆ ಮಗುಚಿಟ್ಟೆ.

"ಇದರ ಕೆಳಗ ಏನ್ ಬರೀತಾರಂತ್ರಿ?"

"ಈ ಔಷಧದಿಂದ ನಾ ಹಿಂಗಾದೆ ಅಂತ."

"ಹಂಗಾರ ನಾ ದಿನಾ ನಸುಕಿನ್ಯಾಗ ಅರೆದ ಬದಾಮಿ ಯಾರ ಹೊಟ್ಟಿಗೆ ಹೋತ್ರಿ?"

ಅವರು ನಕ್ಕರು. "ನಿನ್ನ ಬದಾಮಿಗೆ ಚೀಟಿ ಹಚ್ಚಾಕ ಬರೂದಿಲ್ಲಲಾ! ಹೆಸರು ಊರೂರಿಗೆ ಹೋತಂದ್ರ ಸ್ವಂತ ತಾಲೀಮು ಹಾಕಿ ಕುಸ್ತಿ ಕಲಿಸಬಹುದು. ಹುಡುಗರು ತಾವ ಹುಡುಕ್ಕೊಂಡು ಬರ್ತಾರ."

ಮಾತೇನೋ ಸರಿ. ಆದರೆ ನನಗೆ ವ್ಯಾಪಾರಿ ಮನೆಗೆ ಕೊಟ್ಟು ಕಳಿಸಿದ್ದ ಬಾಟಲಿಯ ಮೇಲೇ ಸಂಶಯ. ಅವರಿಲ್ಲದಾಗ ಬಿರಡೆ ತೆಗೆದು ಮೂಸಿದೆ. ಬೆಲ್ಲದ ವಾಸನೆಯ ಹಿಂದೆ ಸೆರೆ-ಸಾರಾಯಿ ಅಂಗಡಿಯ ಘಾಟು. ಸೆರೆ ಮುಟ್ಟುವುದಿಲ್ಲವೆಂದು ಮಾರುತಿದೇವರ ಮುಂದೆ ಆಣೆ ಮಾಡಿ ಗರಡಿಗಿಳಿದವರು ಇವರು. ಆಣೆ ಮುರಿದರೆ ಯಾರು ತಮ್ಮ ಮಗನನ್ನು ಇವರ ತಾಲೀಮಿಗೆ ಕಳಿಸಿಯಾರು? ಘಾಟಿನ ಮಾತು ಹೇಳಿದರೆ, "ನಿನಗ ಎಲ್ಲಾದರಾಗೂ ಸಂಶೇನ" ಎಂದು ಬಿಟ್ಟರು.

ಒಂದು ದಿನ ವ್ಯಾಪಾರಿ ಮನೆಗೇ ಬಂದರು: ಮುಂದಿನ ಸಂತೆಯ ದಿನ ಇವರು ಅಂಗಡಿಯ ಮುಂದೆ ನಿಂತು, ಜನ ನೋಡುವಂತೆ ಒಂದು ಬಾಟಲಿ ಕುಡಿಯಬೇಕಂತೆ.

"ಬರೇ ಬೇರಿನ ರಸಾರಿ, ಬಾಯಾರ. ದೇವರಾಣಿ."

"ಛಲೋ ಆತ್ರಿ. ನಮ್ಮ ಮನ್ಯಾಗ ಹೊಸಾದು ಏನ ಬರ್ಲಿ, ಮೊದಲ ಮಾರುತಿಗೆ ನೈವೇದ್ಯ. ತೊಗೋರಿ ಈ ಬಾಟ್ಲಿ, ನಿಮ್ಮ ಕೈಯಾರೆ ಇಡ್ರಿ."

ವ್ಯಾಪಾರಿ ಬಾಟಲಿ ಹಿಡಿದು ದೇವರ ಕೋಣೆಯ ಹೊಸ್ತಿಲತನಕ ಹೋದರು. ಅಲ್ಲೇ ನಿಂತರು.

"ಔಷಧಕ್ಕ ಎಲ್ಲೀ ನೈವೇದ್ಯಾರಿ..."

"ಬೇರಿನ ರಸಾ ಅಂದ್ರೆಲ್ಲಾ?"

ಹಣೆಗೆ ಕುಂಕುಮ ಇಟ್ಟುಕೊಂಡ ದೈವಭಕ್ತರೇ ಅವರೂ. ಸೆರೆಯನ್ನು ದೇವರ ಮುಂದಿಡಲು ಕೈ ಮುಂದಾಗಲಿಲ್ಲ. ನಮ್ಮವರು ಇಷ್ಟು ಹೊತ್ತು ನೋಡುತ್ತ ಕುಳಿತಿದ್ದರು. ಎದ್ದು ಬಂದು ಆ ಬಾಟಲಿ ಇಸಿದುಕೊಂಡು ವ್ಯಾಪಾರಿಯ ಚೀಲಕ್ಕೇ ಹಾಕಿದರು.

"ಫೋಟೋ ಅಚ್ಚ ತೆಗಿಯೂ ಗಾಜಿನ ಕಾಚು ಎಲ್ಲೈತ್ರಿ?"

"ಸ್ಟುಡಿಯೋದಾಗ..."

"ನಡೀರಿ, ಇಬ್ರೂ ಕೂಡೇ ಹೋಗೂಣು."

ಸಂಜೆ ಆ ಗಾಜಿನ ಪ್ಲೇಟನ್ನು ಅರಿವೆಯಲ್ಲಿ ಸುತ್ತಿ ತಂದರು.

"ಒಂದ ಇತ್ತೇನ್ರಿ?"

"ಒಂದ ಅಂದ್ರು."

"ಅಂದಾವ್ರು ಯಾರು?"

ಈ ಸಲ ಅವರು ನನ್ನ ಸಂಶಯಕ್ಕೆ ಸಿಡುಕದೆ, ಪ್ಲೇಟನ್ನು ಟ್ರಂಕಿನ ತಳದಲ್ಲಿಟ್ಟರು.

ಮುಂದೆ ಊರಂಚಿನ ಬೆಂಗೇರಿಯಲ್ಲಿ ಸಣ್ಣದೊಂದು ತಾಲೀಮು ಆಯಿತು. ಹುಡುಗರು ಊರೂರಿನಿಂದ ಬರಲಿಲ್ಲ, ಓಣಿಯವರೇ ಬಂದರು. ಅಷ್ಟಾದರೂ ಮಾರುತಿ ಕೊಟ್ಟನಲ್ಲ ಎಂದು ದೀಪ ಹಚ್ಚುತ್ತಿದ್ದೆ. ಆದರೂ ದುರ್ಗದಬೈಲಿಗೆ ಹೋದಾಗಲೆಲ್ಲ, ಔಷಧದ ಅಂಗಡಿಗಳ ಮುಂದೆ ಸೆರಗು ಸರಿಪಡಿಸುವ ನೆವದಲ್ಲಿ ನಿಂತು, ಸಾಲಾಗಿಟ್ಟ ಬಾಟಲಿಗಳ ಮೇಲಿನ ಮುಖಗಳಲ್ಲಿ ಇವರದೂ ಇದೆಯೇ ಎಂದು ಒಂದೊಂದಾಗಿ ನೋಡಿಯೇ ಮುಂದೆ ಹೋಗುತ್ತಿದ್ದೆ.