ರೈಲಿಗೆ ಉತ್ತರ ಕೊಟ್ಟ ಕೊಳಲು

ಅಜ್ಜಂಪುರದ ಸ್ಟೇಷನ್ನಿನಲ್ಲಿ ರೈಲು ಕೂಗಿದರೆ ಇಂದಿಗೂ ನನ್ನ ಕಿವಿ ನಿಮಿರುತ್ತದೆ. ಉತ್ತರವಾಗಿ ಎಲ್ಲಿಂದಲೋ ಒಂದು ಕೊಳಲು ಕೇಳಿಸೀತೆಂದು ಕಾಯುತ್ತದೆ. ವಿಶ್ವವಿದ್ಯಾಲಯದಲ್ಲಿ ಓದಿ, ಎಲ್ಲರ ಮಾತಿಗೂ 'ಆಧಾರ ಏನು?' ಎಂದು ಕೇಳಿ ಸ್ನೇಹಿತರನ್ನು ಕಳೆದುಕೊಂಡವನು ನಾನು. ನನ್ನ ಕಿವಿಗೆ ಮಾತ್ರ ಆ ವಿದ್ಯೆ ಹತ್ತಲಿಲ್ಲ.

ಅಮೃತಾಪುರದ ಕಡೆಯ ಹಳ್ಳಿಯಲ್ಲಿ ಹುಟ್ಟಿ, ದೇಶವಿದೇಶಗಳಲ್ಲಿ ಕೊಳಲು ನುಡಿಸಿದ ವಿದ್ವಾಂಸರೊಬ್ಬರಿದ್ದರು. ಎಷ್ಟು ದೊಡ್ಡವರಾದರೂ ರಾಮನವಮಿಗೆ ಈ ಕಡೆ ಬಂದು ಕಚೇರಿ ಕೊಡುವುದನ್ನು ಬಿಡಲಿಲ್ಲ. ಒಮ್ಮೆ ಆಲಾಪನೆಯ ನಡುವೆ ರೈಲು ಕೂಗಿತಂತೆ. ಅವರು ಮುಖ ಸಿಂಡರಿಸದೆ ಆ ಕೂಗಿನ ಸ್ವರವನ್ನೇ ಹಿಡಿದು ರಾಗದೊಳಗೆ ಸೇರಿಸಿಕೊಂಡರಂತೆ. ಕಡೂರಿನವರು ಇದು ಕಡೂರಿನಲ್ಲಾಯಿತು ಎನ್ನುತ್ತಾರೆ, ತರೀಕೆರೆಯವರು ತರೀಕೆರೆ ಎನ್ನುತ್ತಾರೆ. ನೀವು ರೈಲಿರುವ ಊರಿನವರಾದರೆ ನಿಮ್ಮೂರಿನದೇ ಎಂದು ಕೇಳಿರುತ್ತೀರಿ. ನಾನು ಮಾತ್ರ ನಗುತ್ತಿದ್ದೆ. ನಡೆದದ್ದು ಅಜ್ಜಂಪುರದಲ್ಲಿ, ಅಪ್ಪನ ತೊಡೆಯ ಮೇಲೆ ಕೂತು ಕೇಳಿದ ಸಾಕ್ಷಿ ನಾನೇ.

ಅಷ್ಟೇ ಅಲ್ಲ. ಸ್ವರದ ಹಿಂದೆ ಗಾಳಿಯ ಒಂದು ಎಳೆ ಸುಳಿಯುತ್ತಿತ್ತಲ್ಲ, ಅದೇ ಅವರ ವೈಶಿಷ್ಟ್ಯ ಎಂದು ಕಂಡಕಂಡವರಿಗೆ ವಿವರಿಸಿದ್ದೇನೆ. ರೆಕಾರ್ಡಿಂಗುಗಳಲ್ಲಿ ಅದು ಕೇಳುವುದಿಲ್ಲವಲ್ಲ ಎಂದು ಯಾರಾದರೂ ಅಂದರೆ, ಪಾಪ, ಯಂತ್ರಕ್ಕೇನು ತಿಳಿಯುತ್ತದೆ ಎನ್ನುತ್ತಿದ್ದೆ.

ವಿದ್ವಾಂಸರು ಈಚೆಗೆ ತೀರಿಕೊಂಡರು. ಇವತ್ತು ಸಂಜೆ ಕಡೂರಿನಲ್ಲಿ ಅವರ ಸ್ಮರಣೆಯ ಸಭೆ. "ಆ ರೈಲಿನ ಕಥೆ ನೀವೇ ಹೇಳ್ಬೇಕು ಸಾರ್" ಎಂದು ಫೋನು ಬಂದಾಗ ನನ್ನ ಹಳೆಯ ಚಟ ನನಗೇ ತಿರುಗಿತು: ಆಧಾರ ಏನು? ಅಪ್ಪನಂತೂ ಇಲ್ಲ. ಅವನ ಜೊತೆ ಕೂತು ಕೇಳಿದ್ದೆಂದು ನನ್ನಲ್ಲಿ ಉಳಿದಿರುವ ಸಂಗೀತ ಇದೊಂದೇ. ಕೆದಕದೆ ಬಿಡಬಹುದಿತ್ತು. ಬಿಡಲಾರದೆ, ಬೆಳಿಗ್ಗೆಯೇ ಅಜ್ಜಂಪುರದಲ್ಲಿರುವ ಅಪ್ಪನ ತಂಗಿಯ ಮನೆಗೆ ಬಂದೆ.

ಅತ್ತೆ ಅವರೆಕಾಯಿ ಸುಲಿಯುತ್ತಿದ್ದರು. ನಾನು ಅವತ್ತು ಕೇಳಿದ ಕಚೇರಿ ನೆನಪಿದೆಯಾ ಎಂದೆ. "ನೀನೆಲ್ಲಿ ಕೇಳ್ದ್ಯೋ? ಕೋಸಂಬರಿ ತಿಂದೋನು, ಪಿಟೀಲಿನೋರು ಶ್ರುತಿ ಮಾಡ್ಕೊಳ್ಳೋ ಹೊತ್ತಿಗೇ ಮಲಗ್ಬಿಟ್ಟೆ. ಗೊರಕೆ ಬೇರೆ! ಮುಂದೆ ಕೂತಿದ್ದೋರೆಲ್ಲ ತಿರುಗಿ ನೋಡೋರು."

"ಮತ್ತೆ ನನಗೆ ಕೇಳಿಸಿದ್ದು?"

"ಬೆಳಿಗ್ಗೆ ಎದ್ದು ಕೊಳಲು ಕೇಳ್ಬೇಕು ಅಂತ ರಂಪ ಮಾಡ್ದೆ. ನಿಮ್ಮಪ್ಪ ಬಚ್ಚಲೊಲೆಗೆ ಉರಿ ಹಾಕ್ತಾ, ರೈಲು ಹಿಂಗ್ ಕೂಗ್ತು, ಅವ್ರು ಹಿಂಗ್ ಹಿಡ್ಕೊಂಡ್ರು ಅಂತ ಶಿಳ್ಳೇಲೇ ಮಾಡಿ ತೋರಿಸ್ದ. ಮುಂದಿನ ಹಲ್ಲು ಬಿದ್ದೋಗಿತ್ತಲ್ಲ ಅವನ್ಗೆ, ಅರ್ಧ ಗಾಳೀನೇ ಕಣೋ!"

ನಾದದ ರಹಸ್ಯವೆಂದು ನಾನು ಇಷ್ಟು ವರ್ಷ ಸಾರಿಕೊಂಡು ಬಂದದ್ದು ಅಪ್ಪನ ಹಲ್ಲಿನ ಸಂದಿ.

ಈಗ ಕಡೂರಿಗೆ ಹೊರಟು ಸ್ಟೇಷನ್ನಿನಲ್ಲಿ ಕೂತಿದ್ದೇನೆ. ಇಯರ್‌ಫೋನ್ ಸಿಕ್ಕಿಸಿಕೊಂಡು ವಿದ್ವಾಂಸರ ಕೊಳಲು ಹಾಕಿದೆ. ಗಾಳಿಯ ಎಳೆಯಿಲ್ಲ. ರೆಕಾರ್ಡಿಂಗಿನಲ್ಲಿ ತಪ್ಪು ಹುಡುಕದೆ ಅವರನ್ನು ಕೇಳಿದ್ದು ಇದೇ ಮೊದಲು. ಎಷ್ಟು ತಿಳಿಯಾಗಿ ನುಡಿಸುತ್ತಿದ್ದರು! ಸಭೆಯಲ್ಲಿ ಇದನ್ನೇ ಹೇಳುತ್ತೇನೆ, ಗೊರಕೆಯನ್ನೂ ಸೇರಿಸಿ.

ದೂರದಲ್ಲಿ ರೈಲು ಕೂಗಿತು. ಇಯರ್‌ಫೋನ್ ತೆಗೆದು, ತುಟಿ ಮುಂದೆ ಮಾಡಿ, ಆ ಸ್ವರ ಹಿಡಿಯಲು ನೋಡಿದೆ. ಪಕ್ಕದಲ್ಲಿದ್ದ ಹೆಂಗಸು ಬ್ಯಾಗು ಎತ್ತಿಕೊಂಡು ಆಚೆ ಸರಿದರು. ಶಿಳ್ಳೆಯೇನೋ ಬಂತು, ಆ ಗಾಳಿ ಬರಲಿಲ್ಲ. ಏನು ಮಾಡಲಿ, ನನ್ನ ಹಲ್ಲುಗಳೆಲ್ಲ ಇನ್ನೂ ಗಟ್ಟಿಯಾಗಿವೆ.