ಕುರಕುಂಭದಲ್ಲಿ ಎಪ್ಪತ್ತೆರಡನೆಯ ಇಸವಿ

ತೊಂಬತ್ತರ ದಶಕದಲ್ಲಿ ನನ್ನ ಸಂಸಾರ ಸಾಕಿದ್ದು ಕಪಾಟಿನಷ್ಟು ಎತ್ತರದ ಒಂದು ಕಂಪ್ಯೂಟರು. ಅದು ಇದ್ದದ್ದು ಪುಣೆ ಜಿಲ್ಲೆಯ ಕುರಕುಂಭದ ಒಂದು ಕೆಮಿಕಲ್ ಕಾರ್ಖಾನೆಯ ಕಂಟ್ರೋಲ್ ರೂಮಿನಲ್ಲಿ. ಆ ಕಾರ್ಖಾನೆಯಲ್ಲಿ ಪೇಂಟು ಗೋಡೆಗೆ ಹಿಡಿದುಕೊಳ್ಳಲು ಬೇಕಾದ, ಹಾಲಿನ ಹಾಗೆ ಕಾಣುವ ಅಂಟನ್ನು ತಯಾರಿಸುತ್ತಿದ್ದರು. ಅಂಟು ಬೇಯುವ ದೊಡ್ಡ ಟ್ಯಾಂಕುಗಳಿಗೆ ಎಷ್ಟು ಬಿಸಿ ಬೇಕು, ಯಾವ ವಾಲ್ವು ಯಾವಾಗ ತೆರೆಯಬೇಕು ಎಂಬುದನ್ನೆಲ್ಲ ನೋಡಿಕೊಳ್ಳುತ್ತಿದ್ದುದು ಆ ಕಂಪ್ಯೂಟರು. ಅದರ ಸಾಫ್ಟ್‌ವೇರ್ ಬರೆದ ಪರದೇಶದ ಕಂಪನಿ ಎಂದೋ ಬಾಗಿಲು ಹಾಕಿತ್ತು. ಹಾಗಾಗಿ ಪುಣೆಯ ಒಂದು ಸಣ್ಣ ಸರ್ವಿಸ್ ಕಂಪನಿಯಲ್ಲಿದ್ದ ನನ್ನನ್ನು ಅದಕ್ಕೆ ಗಂಟು ಹಾಕಿದ್ದರು. ಧಾರವಾಡದಲ್ಲಿದ್ದ ಅವ್ವ ಮಗನದು ಕಂಪ್ಯೂಟರ್ ಕೆಲಸ ಎಂದು ಓಣಿಯಲ್ಲೆಲ್ಲ ಹೇಳಿಕೊಂಡು ಬಂದಿದ್ದಳು. ಆ ಕೆಲಸದಲ್ಲಿ ಅರ್ಧ ಭಾಗ ಬ್ರಶ್ ಹಿಡಿದು ಧೂಳು ಹೊಡೆಯುವುದೇ ಎಂದು ನಾನು ತಿಳಿಸಿರಲಿಲ್ಲ.

ಕಾರ್ಖಾನೆಯ ಮ್ಯಾನೇಜರು ನಿವೃತ್ತಿಯ ಅಂಚಿನಲ್ಲಿದ್ದ ಮರಾಠಿ ಗೃಹಸ್ಥರು. ನಾನು ಹೋದಾಗಲೆಲ್ಲ ಬಾಗಿಲಲ್ಲೇ ನಿಂತು, "ಚಾಲತಯ ನಾ? ಮಗ ಹಾತ ಲಾವೂ ನಕಾ" ಎನ್ನುತ್ತಿದ್ದರು. ನಡೆಯುತ್ತಿದೆಯಲ್ಲ, ಹಾಗಿದ್ದರೆ ಕೈ ಹಚ್ಚಬೇಡಿ. ಇಪ್ಪತ್ತನೆಯ ಶತಮಾನ ಮುಗಿಯುತ್ತ ಬಂದ ಹಾಗೆ ಅವರ ಈ ನಿಯಮಕ್ಕೂ ಕುತ್ತು ಬಂತು. ನಮ್ಮ ಯಂತ್ರಕ್ಕೆ ಇಸವಿಯ ಕೊನೆಯ ಎರಡು ಅಂಕಿಗಳಷ್ಟೇ ಗೊತ್ತು. ಒಂದು ದಿನ ಟ್ಯಾಂಕು ಖಾಲಿ ಇದ್ದಾಗ ಪರೀಕ್ಷೆಗೆಂದು ಇಸವಿಯ ಜಾಗದಲ್ಲಿ ಎರಡು ಸೊನ್ನೆ ಹಾಕಿ ನೋಡಿದೆ. ಸೊನ್ನೆ ತೊಂಬತ್ತೊಂಬತ್ತಕ್ಕಿಂತ ಹಿಂದಿನದೆಂದು ತಿಳಿದು, ಅಂಟಿನ ಅಡುಗೆ ಶುರುವಾಗುವ ಮೊದಲೇ ಮುಗಿದುಹೋಗಿದೆ ಎಂದು ತೀರ್ಮಾನಿಸಿದ ಯಂತ್ರ ಎಲ್ಲ ವಾಲ್ವುಗಳನ್ನೂ ಮುಚ್ಚಿ ಸುಮ್ಮನಾಯಿತು.

ಸಾಫ್ಟ್‌ವೇರ್ ತಿದ್ದಲು ಅದನ್ನು ಬರೆದವರೇ ಇರಲಿಲ್ಲ. ನಾನು ಗೋಡೆಯ ಹಳೆಯ ಕ್ಯಾಲೆಂಡರುಗಳ ಲೆಕ್ಕ ಹಾಕಿ, ಎರಡು ಸಾವಿರದ ಇಸವಿಗೂ ಎಪ್ಪತ್ತೆರಡನೆಯ ಇಸವಿಗೂ ವಾರಗಳು ತಪ್ಪದೆ ಹೊಂದುತ್ತವೆ, ಫೆಬ್ರವರಿ ಇಪ್ಪತ್ತೊಂಬತ್ತು ಕೂಡ ಇದೆ, ಗಡಿಯಾರವನ್ನು ಇಪ್ಪತ್ತೆಂಟು ವರ್ಷ ಹಿಂದಕ್ಕೆ ತಿರುಗಿಸಿದರೆ ಯಂತ್ರಕ್ಕೆ ಅನುಮಾನ ಬರುವುದಿಲ್ಲ ಎಂದು ಮ್ಯಾನೇಜರಿಗೆ ವಿವರಿಸಿದೆ. ಅವರು ಕನ್ನಡಕ ತೆಗೆದು ಒರೆಸಿದರು. "ಚಾಲೇಲ ನಾ?" ಎಂದರು. ನಡೆಯುತ್ತದೆ ಎಂದೆ. "ಮಗ ಕರಾ." ಹಾಗಿದ್ದರೆ ಮಾಡಿ.

ಡಿಸೆಂಬರಿನ ಒಂದು ಮಧ್ಯಾಹ್ನ ಗಡಿಯಾರ ತಿರುಗಿಸಿದೆವು. ನನ್ನ ಪಕ್ಕದಲ್ಲಿದ್ದವರು ಹಿರಿಯ ಆಪರೇಟರು, ವಿಜಾಪುರದ ಕಡೆಯವರು. ಪರದೆಯ ಮೇಲೆ ಹೊಸ ತಾರೀಖು ಮೂಡಿದಾಗ ಅವರು ಅದನ್ನೇ ನೋಡುತ್ತ ಕೂತರು.

"ಈ ಲೆಕ್ಕದಾಗ ನನಗಿನ್ನ ಮೀಸಿ ಬಂದಿಲ್ರಿ ಸರ್."

"ನಾನು ಸಾಲ್ಯಾಗ ಮೂರನೇತ್ತಾ ಅದೀನ್ರಿ" ಎಂದೆ.

ಹೊಸ ವರ್ಷ ಬಂತು. ಲೋಕವೆಲ್ಲ ಎರಡು ಸಾವಿರಕ್ಕೆ ಹೋಯಿತು, ನಮ್ಮ ಯಂತ್ರ ಎಪ್ಪತ್ತೆರಡಕ್ಕೆ ಬಂದು ಎಂದಿನಂತೆ ಅಂಟು ಬೇಯಿಸಿತು. ಆಪರೇಟರಿಗೆ ಈ ಏರ್ಪಾಡು ಭಾರೀ ಹಿಡಿಸಿತು. ಬರುವಾಗ ಕೊತ್ತಂಬರಿ ತರ್ರಿ ಎಂದು ಮನೆಯಿಂದ ಫೋನು ಬಂದರೆ, "ಇಲ್ಲೆ ನಂದು ಇನ್ನೂ ಮದುವಿ ಆಗಿಲ್ಲ, ಆರು ಗಂಟೆ ಮ್ಯಾಲ ಮಾತಾಡು" ಎಂದು ಇಟ್ಟುಬಿಡುತ್ತಿದ್ದರು. ಸಂಜೆ ಮಾತ್ರ ಮರೆಯದೆ ಕೊತ್ತಂಬರಿ ಒಯ್ಯುತ್ತಿದ್ದರು.

ತೊಡಕು ಬಂದದ್ದು ಪ್ರಿಂಟರಿನಿಂದ. ಪ್ರತಿ ಸಲದ ಮಾಲಿನ ಜೊತೆ ಗಿರಾಕಿಗೆ ಒಂದು ಹಾಳೆ ಹೋಗಬೇಕು. ಅದರಲ್ಲಿ ತಯಾರಾದ ತಾರೀಖು, ಬಿಸಿ, ಡ್ರಮ್ಮುಗಳ ನಂಬರು ಎಲ್ಲ ಇರುತ್ತವೆ. ಹಾಳೆಯಲ್ಲೂ ಎಪ್ಪತ್ತೆರಡು ಎಂದೇ ಬರುತ್ತಿತ್ತು. ಇದಕ್ಕೆ ಮ್ಯಾನೇಜರು ತಮ್ಮದೇ ಉಪಾಯ ಹುಡುಕಿದರು: "ಇಸವಿಗೆ ಇಪ್ಪತ್ತೆಂಟು ಕೂಡಿಸಿ ಓದಿಕೊಳ್ಳುವುದು" ಎಂದು ಇಂಗ್ಲಿಷಿನಲ್ಲಿ ಒಂದು ರಬ್ಬರ್ ಸ್ಟಾಂಪು ಮಾಡಿಸಿ ಸ್ಟೋರಿನ ಗುಮಾಸ್ತನಿಗೆ ಕೊಟ್ಟರು. ಗುಮಾಸ್ತ ತಂಗಿಯ ಮದುವೆಗೆಂದು ಸಾಂಗ್ಲಿಗೆ ಹೋದಾಗ ಸ್ಟಾಂಪು ಅವನ ಡ್ರಾಯರಿನಲ್ಲೇ ಉಳಿಯಿತು. ಸ್ಟಾಂಪಿಲ್ಲದ ಹಾಳೆಯೊಂದಿಗೆ ಮಾಲು ಚಾಕಣದ ಹತ್ತಿರದ ಪೇಂಟ್ ಕಾರ್ಖಾನೆಗೆ ಹೊರಟಿತು.

ಮರುದಿನವೇ ಅಲ್ಲಿನ ಕ್ವಾಲಿಟಿ ಅಧಿಕಾರಿಯಿಂದ ಕರೆ ಬಂತು. ಮ್ಯಾನೇಜರು ಸಮಜಾಯಿಷಿ ಹೇಳಲು ನನ್ನನ್ನೂ ಆಪರೇಟರನ್ನೂ ಜೀಪಿನಲ್ಲಿ ಕಳಿಸಿದರು.

ಅಧಿಕಾರಿ ನಮ್ಮ ವಾರಿಗೆಯ ಹೆಂಗಸು. ಮುಖದಲ್ಲಿ ನಗುವಿನ ಸುಳಿವಿಲ್ಲ. ಹಾಳೆಯನ್ನು ನಮ್ಮೆದುರು ತಿರುಗಿಸಿಟ್ಟು, ಈ ಅಂಟು ಒಂದು ವರ್ಷಕ್ಕಿಂತ ಹೆಚ್ಚು ಬಾಳುವುದಿಲ್ಲ, ನೀವು ಇಪ್ಪತ್ತೆಂಟು ವರ್ಷ ಹಳೆಯದನ್ನು ಕಳಿಸಿದ್ದೀರಿ ಎಂದು ಮರಾಠಿಯಲ್ಲಿ ಹೇಳಿದರು. ನಾನೂ ಮರಾಠಿಯಲ್ಲೇ ವಿವರಿಸತೊಡಗಿದೆ. ಯಂತ್ರ, ಇಸವಿ, ಕ್ಯಾಲೆಂಡರು, ಸ್ಟಾಂಪು, ಸಾಂಗ್ಲಿಯ ಮದುವೆ. ಹೇಳಿದಷ್ಟೂ ಅದು ಕಟ್ಟುಕಥೆಯ ಹಾಗೆ ನನಗೇ ಕೇಳಿಸುತ್ತಿತ್ತು. ಆಪರೇಟರು ನನ್ನ ಕಡೆ ಬಾಗಿ ಕನ್ನಡದಲ್ಲಿ ಪಿಸುಗುಟ್ಟಿದರು: "ಭಾಳ ಖಡಕ್ ಅದಾರ‍್ರಿ ಬಾಯಾರು. ಮನ್ಯಾಗ ಗಂಡಗ ಹೆಂಗ ನೋಡ್ಕೋತಾರೋ ಏನೋ."

"ಚೆನ್ನಾಗಿಯೇ ನೋಡಿಕೊಳ್ತೇನೆ" ಎಂದರು ಆಕೆ, ಕನ್ನಡದಲ್ಲಿ. "ಅವರು ತಾರೀಖು ಸರಿಯಾಗಿ ಬರೀತಾರೆ."

ಆಪರೇಟರು ಎದ್ದು ನಿಂತೇಬಿಟ್ಟರು. ಆಕೆಯ ತಂದೆ ಕುಂದಾಪುರದಿಂದ ಬಂದು ಪುಣೆ ಕ್ಯಾಂಪಿನಲ್ಲಿ ಹೋಟೆಲು ಇಟ್ಟವರು ಎಂದು ಆಮೇಲೆ ತಿಳಿಯಿತು. ಆ ಗಳಿಗೆಯಲ್ಲಿ ನಮಗೆ ಬೇಕಾಗಿದ್ದುದು ಹೊರಹೋಗುವ ಬಾಗಿಲು ಮಾತ್ರ.

"ಕೂತ್ಕೊಳ್ಳಿ ಮಾರಾಯ್ರೆ. ಈಗ ಹೇಳಿ, ಸುಳ್ಳು ಹೇಳುವುದು ಯಾವುದು? ಮಾಲೋ, ಕಾಗದವೋ?"

"ಎರಡೂ ಖರೇ ಅದಾವ್ರಿ" ಎಂದರು ಆಪರೇಟರು, ಅಳುಕುತ್ತ. "ನಮ್ಮ ರೂಮಿನ್ಯಾಗ ಖರೇನ ಎಪ್ಪತ್ತೆರಡು ನಡದದ."

ಆಕೆ ಲ್ಯಾಬಿಗೆ ಫೋನು ಮಾಡಿದರು. ಮಾಲನ್ನು ಪರೀಕ್ಷೆ ಮಾಡಿಸಿದರು, ಅದು ಚೆನ್ನಾಗಿಯೇ ಇತ್ತು. ಡ್ರಮ್ಮುಗಳನ್ನು ಇಟ್ಟುಕೊಂಡು ನಮಗೆ ಕಾಫಿ ಕೊಡಿಸಿದರು. ಇನ್ನು ಮೇಲೆ ಸ್ಟಾಂಪಿನ ಕಾಗದ ಒಳಗೆ ಬಿಡುವುದಿಲ್ಲ, ಇಸವಿ ಅಚ್ಚಿನಲ್ಲೇ ಸರಿಯಾಗಿ ಬರಬೇಕು ಎಂದು ಹೇಳಿ ಕಳಿಸಿದರು.

ನಾನು ಯಂತ್ರಕ್ಕೂ ಪ್ರಿಂಟರಿಗೂ ನಡುವೆ ಒಂದು ಸಾದಾ ಪಿಸಿ ಕೂರಿಸಿ ಚಿಕ್ಕ ಪ್ರೋಗ್ರಾಮು ಬರೆದೆ. ಎಪ್ಪತ್ತೆರಡು ಕಂಡಲ್ಲಿ ಸೊನ್ನೆ ಸೊನ್ನೆ ಅಚ್ಚು ಹಾಕು, ಅಷ್ಟೆ. ಹಾಳೆಗಳು ಸರಿಯಾಗಿ ಬರತೊಡಗಿದವು. ಮ್ಯಾನೇಜರು ನನ್ನ ಬೆನ್ನು ತಟ್ಟಿದರು. ಕೆಲವು ವಾರಗಳ ನಂತರ ಕಾರ್ಖಾನೆಯಲ್ಲಿ ಹೊಸ ತರದ ಅಂಟು ಶುರುವಾಯಿತು, ಅದು ಬೇಯುವುದು ಸ್ವಲ್ಪ ಕಡಿಮೆ ಬಿಸಿಯಲ್ಲಿ. ಮತ್ತೆ ಚಾಕಣದ ಕರೆ. ಈ ಸಲ ಆಕೆ ನನ್ನನ್ನೇ ಕೇಳಿ ಫೋನಿಗೆ ಕರೆಸಿಕೊಂಡಿದ್ದರು.

"ಇಸವಿ ಸರಿ ಉಂಟು. ಆದರೆ ಈ ಮಾಲನ್ನು ಸೊನ್ನೆ ಡಿಗ್ರಿಯಲ್ಲಿ ಬೇಯಿಸಿದ್ದು ಅಂತ ಬರೆದಿದ್ದೀರಿ. ಐಸಿನಲ್ಲಿ ಇಟ್ಟು ಬೇಯಿಸಿದ್ದಾ?"

ಹೊಸ ಅಂಟು ಬೇಯುವುದು ಎಪ್ಪತ್ತೆರಡು ಡಿಗ್ರಿಯಲ್ಲಿ ಎಂದು ನನಗೆ ಆಗ ಹೊಳೆಯಿತು.

"ಮತ್ತೆ ನೂರನೇ ನಂಬರಿನ ಡ್ರಮ್ಮು ಎರಡು ಸಲ ಬಂದಿದೆ" ಎಂದರು. "ನೂರಾ ಎಪ್ಪತ್ತೆರಡನೆಯದು ಎಲ್ಲಿಗೆ ಹೋಯಿತು?"

ಆಕೆಯ ದನಿಯಲ್ಲಿ ಸಿಟ್ಟಿರಲಿಲ್ಲ. ಫೋನಿನ ಆ ಕಡೆಯಿಂದ ನಗು ತಡೆದುಕೊಳ್ಳುವ ಸದ್ದು ಕೇಳಿಸಿತು. ಮುಂದಿನ ವಾರ ಕುರಕುಂಭಕ್ಕೇ ಬಂದರು. ಕಂಟ್ರೋಲ್ ರೂಮಿನಲ್ಲಿ ಕೂತು ಪೆನ್ಸಿಲ್ ಹಿಡಿದು, ಪರದೆಯ ಒಂದೊಂದು ಅಂಕಿಯನ್ನೂ ಹಾಳೆಯ ಅಂಕಿಗೆ ತಾಳೆ ನೋಡಿದರು. ತಪ್ಪು ಸಿಕ್ಕಲ್ಲಿ ನಾನು ಅಲ್ಲೇ ತಿದ್ದುತ್ತ ಹೋದೆ. ಆಪರೇಟರು ಮನೆಯಿಂದ ತಂದ ಶೇಂಗಾ ಹೋಳಿಗೆಯ ಡಬ್ಬಿಯನ್ನು ಅವರ ಮುಂದೆ ಸರಿಸಿದರು. ಎರಡನೆಯದನ್ನು ಕೈಗೆತ್ತಿಕೊಂಡ ಮೇಲೆ ಆಕೆ, "ನನ್ನ ಗಂಡನಿಗೂ ಒಂದು ಕಟ್ಟಿಕೊಡಿ. ಖಡಕ್ ಬಾಯಿ ತಂದಳು ಅಂತ ಹೇಳ್ತೇನೆ" ಎಂದರು. ಆಪರೇಟರ ಕಿವಿ ಕೆಂಪಾದವು. ಹೋಳಿಗೆ ಮಾತ್ರ ನಾಲ್ಕು ಕಟ್ಟಿಕೊಟ್ಟರು.

ಪ್ರತಿ ಹೊಸ ವರ್ಷಕ್ಕೆ ಪ್ರೋಗ್ರಾಮಿನ ಇಸವಿ ಬದಲಿಸಿಕೊಂಡು ಆ ಏರ್ಪಾಡನ್ನು ಇನ್ನೂ ಕೆಲವು ವರ್ಷ ನಡೆಸಿದೆ. ಆಮೇಲೆ ಹೊಸ ಮ್ಯಾನೇಜರು ಬಂದರು, ಹೊಸ ಸಿಸ್ಟಮ್ಮು ಬಂತು. ಹಳೆಯ ಯಂತ್ರವನ್ನು ಗುಜರಿಯವನು ಟೆಂಪೋದಲ್ಲಿ ಒಯ್ದ, ಅದರ ಜೊತೆ ನನ್ನ ಕೆಲಸವೂ ಹೋಯಿತು. ಅಷ್ಟು ಹೊತ್ತಿಗೆ ಪುಣೆಯ ವಾಕಡದಲ್ಲಿ ಮನೆ ಮಾಡಿದ್ದ ನಾನು, ಪಕ್ಕದ ಹಿಂಜವಡಿಯ ಐಟಿ ಕಂಪನಿಗಳಿಗೆ ಅರ್ಜಿ ಹಾಕುತ್ತ ಕೂತಿದ್ದೆ. ಹೊಸ ತಲೆಮಾರಿನ ಸಂದರ್ಶಕರಿಗೆ ನನ್ನ ಅನುಭವ ಕೇಳಿ ಮ್ಯೂಸಿಯಮ್ಮಿಗೆ ಬಂದಷ್ಟು ಖುಷಿಯಾಗುತ್ತಿತ್ತು. ಕೆಲಸ ಮಾತ್ರ ಸಿಗುತ್ತಿರಲಿಲ್ಲ.

ಹೀಗಿರುವಾಗ ಒಂದು ದಿನ ಚಾಕಣದ ಆ ಅಧಿಕಾರಿಯ ಫೋನು ಬಂತು. ತಮ್ಮಲ್ಲಿ ಬಣ್ಣ ಬೆರೆಸುವ ಕಂಪ್ಯೂಟರು ಕೆಟ್ಟಿದೆ, ಸಾಫ್ಟ್‌ವೇರ್ ಬರೆದವರು ಯಾರೂ ಉಳಿದಿಲ್ಲ, ಬಂದು ನೋಡುತ್ತೀರಾ ಎಂದು ಕೇಳಿದರು. ಎಷ್ಟು ಹಳೆಯದು ಎಂದು ಕೇಳಿದೆ.

ಆಕೆ ದನಿ ತಗ್ಗಿಸಿದರು. "ನಿಮ್ಮದಕ್ಕಿಂತ ಹಳೆಯದು ಮಾರಾಯ್ರೆ. ಅವತ್ತು ನೀವು ಬಂದಾಗ ಪಕ್ಕದ ರೂಮಿನಲ್ಲೇ ಇತ್ತು. ನಾನೇ ಬಾಗಿಲು ಮುಚ್ಚಿಸಿದ್ದೆ."

ಮರುದಿನ ಬೆಳಿಗ್ಗೆ ಬ್ರಶ್ಶು, ಸ್ಕ್ರೂಡ್ರೈವರು ಚೀಲಕ್ಕೆ ಹಾಕಿಕೊಂಡು ಚಾಕಣದ ಬಸ್ಸು ಹತ್ತಿದೆ.